ಹಾಲೆಗೆ ಬಂದಿಳಿದ ತಮ್ಮನ ಪತ್ರಕ್ಕೆ ಉತ್ತರ

ಪ್ರೀತಿಯ ತಮ್ಮಾ,

ಅಕ್ಕ ಎಂದು ಕರೆದು ಬರೆದಿದ್ದೀಯ, ಆದ್ದರಿಂದ ಸಲುಗೆಯಿಂದಲೇ ಉತ್ತರಿಸುತ್ತೇನೆ. ನೀನು ಕೇಳಿರುವುದು ಮೂರು ಮಾತು. ಜರ್ಮನಿಯ ಹಾಲೆ ಎಂಬ ಊರಿನಲ್ಲಿ ಕೆಲಸಕ್ಕೆ ಸೇರಿದ್ದೀಯ. ಭಾನುವಾರ ಬಂದರೆ ಅಂಗಡಿಗಳೆಲ್ಲ ಮುಚ್ಚಿರುತ್ತವೆ, ಬೀದಿಯಲ್ಲಿ ನರಪಿಳ್ಳೆಯಿಲ್ಲ, ರೈಲಿನ ಕಿಟಕಿಯಿಂದ ನೋಡಿದರೆ ಹೊಲ, ಗಾಳಿಯಂತ್ರ, ಮತ್ತೆ ಹೊಲ. ಇಂಥ ಕಡೆ ಬದುಕುವುದು ಹೇಗೆ ಎಂಬುದು ಒಂದು. ಜೊತೆಯಲ್ಲಿ ಕೆಲಸ ಮಾಡುವ ಹಿರಿಯರೊಬ್ಬರು ಮನೆಗೆ ಊಟಕ್ಕೆ ಕರೆದು, ಹಾನ್ಸ್ ಕ್ರಿಸ್ಟಿಯಾನ್ ಷಿಂಕ್ ಎಂಬ ಛಾಯಾಗ್ರಾಹಕರ ಪುಸ್ತಕವನ್ನು ಬಹಳ ಹೆಮ್ಮೆಯಿಂದ ತೋರಿಸಿದರಂತೆ. ಸೇತುವೆಯ ಕಂಬ, ಕಾಂಕ್ರೀಟ್ ಗೋಡೆ, ಬಿಳಿ ಆಕಾಶ ಬಿಟ್ಟರೆ ನಿನಗೆ ಅದರಲ್ಲಿ ಏನೂ ಕಾಣಲಿಲ್ಲ. ಅವರೇಕೆ ಅದನ್ನು ತೋರಿಸಿದರು ಎಂಬುದು ಎರಡು. ಕನ್ನಡಿಗರು ಹೆಚ್ಚಿರುವ ಮ್ಯೂನಿಕ್‌ಗೆ ಕೆಲಸ ಬದಲಿಸಿಕೊಂಡು ಹೋಗಿಬಿಡಲೇ ಎಂಬುದು ಮೂರು.

ಎರಡನೆಯದನ್ನು ಮೊದಲು ಎತ್ತಿಕೊಳ್ಳುತ್ತೇನೆ. ಅದು ಬಗೆಹರಿದರೆ ಮೊದಲನೆಯದರ ಅರ್ಧ ಭಾರ ಇಳಿಯುತ್ತದೆ.

ಷಿಂಕ್ ಹುಟ್ಟಿದ್ದು 1961ರಲ್ಲಿ, ಈಗ ನೀನಿರುವ ಹಾಲೆಯಿಂದ ಅಷ್ಟೇನೂ ದೂರವಿಲ್ಲದ ಎರ್ಫುರ್ಟ್‌ನಲ್ಲಿ. ಆಗ ಅದು ಪೂರ್ವ ಜರ್ಮನಿ. 1986ರಲ್ಲಿ ಲೈಪ್‌ಸಿಗ್‌ನ ಕಲಾಶಾಲೆಗೆ ಛಾಯಾಗ್ರಹಣ ಕಲಿಯಲು ಸೇರಿದರು. 1991ರಲ್ಲಿ ಓದು ಮುಗಿಸಿ ಹೊರಬಂದಾಗ ಸೇರುವಾಗ ಇದ್ದ ದೇಶವೇ ಇರಲಿಲ್ಲ. ನಡುವಿನ ವರ್ಷಗಳಲ್ಲಿ ಏನಾಯಿತು ಎಂಬುದನ್ನು ನೀನು ಶಾಲೆಯಲ್ಲಿ ಬರ್ಲಿನ್ ಗೋಡೆಯ ಪಾಠವಾಗಿ ಓದಿರುತ್ತೀಯ. ಲೈಪ್‌ಸಿಗ್‌ನವರು ಹೇಳುವ ಕತೆ ಗೋಡೆಗಿಂತ ಒಂದು ತಿಂಗಳು ಮುಂಚೆ ಶುರುವಾಗುತ್ತದೆ. 1989ರ ಅಕ್ಟೋಬರ್ 9ರಂದು ಸುಮಾರು 70,000 ಜನ ಪೂರ್ವ ಜರ್ಮನಿಯ ಸರ್ಕಾರದ ವಿರುದ್ಧ, ಗುಂಡೇಟಿನ ಭಯವನ್ನು ಎದೆಯಲ್ಲಿಟ್ಟುಕೊಂಡೇ ಊರಿನ ವರ್ತುಲ ರಸ್ತೆಯಲ್ಲಿ ನಡೆದರು. ಗುಂಡು ಹಾರಲಿಲ್ಲ. ಮುಂದಿನ ವರ್ಷ ಅಕ್ಟೋಬರ್ 3ರಂದು ಎರಡು ಜರ್ಮನಿಗಳು ಒಂದಾದವು.

ಒಂದಾದ ಮೇಲೆ ರಸ್ತೆ ಬೇಕಲ್ಲ. ನಲವತ್ತು ವರ್ಷ ಬೇಲಿ ಹಾಕಿಕೊಂಡಿದ್ದ ಎರಡು ಪಾಲುಗಳನ್ನು ಹೊಲಿಯಲು ಸರ್ಕಾರ 1991ರಲ್ಲಿ 17 ಸಾರಿಗೆ ಯೋಜನೆಗಳನ್ನು ಕೈಗೆತ್ತಿಕೊಂಡಿತು: ಒಂಬತ್ತು ರೈಲು ಮಾರ್ಗ, ಏಳು ಆಟೊಬಾನ್ ಹೆದ್ದಾರಿ, ಒಂದು ಜಲಮಾರ್ಗ. ಒಟ್ಟು ಹೆಸರು ‘ಜರ್ಮನ್ ಏಕತೆಯ ಸಾರಿಗೆ ಯೋಜನೆಗಳು’. ಷಿಂಕ್ 1995ರಿಂದ 2003ರವರೆಗೆ ಈ ಕಾಮಗಾರಿಗಳ ಬೆನ್ನು ಹತ್ತಿದರು. ತಮ್ಮ ಚಿತ್ರಮಾಲೆಗೂ ಆ ಸರ್ಕಾರಿ ಹೆಸರನ್ನೇ ಇಟ್ಟರು. ಪ್ರತಿ ಚಿತ್ರದ ಅಡಿಯಲ್ಲಿ ರಸ್ತೆಯ ಸಂಖ್ಯೆ, ಜಾಗದ ಹೆಸರು, ಅಷ್ಟೇ: ‘ಎ 20, ಯಾರ್ಮೆನ್ ಬಳಿಯ ಪೇನೆ ಸೇತುವೆ’ ಎನ್ನುವ ಹಾಗೆ.

ಈಗ ಆ ಚಿತ್ರಗಳನ್ನು ನೆನಪಿಸಿಕೋ. ಮೋಡ ಕವಿದ ದಿನದ ನೆರಳಿಲ್ಲದ ಬೆಳಕು. ದೊಡ್ಡ ಫಿಲ್ಮಿನ ಕ್ಯಾಮೆರಾ ಆದ್ದರಿಂದ ಹುಲ್ಲಿನ ಎಸಳೂ ಕಾಂಕ್ರೀಟ್‌ನ ಕಲೆಯೂ ಎಣಿಸುವಷ್ಟು ಸ್ಪಷ್ಟ. ವಾಹನವಿಲ್ಲ, ಜನರಿಲ್ಲ. ರಸ್ತೆಯ ಮೇಲಿನಿಂದ ನೋಡುವ ಚಿತ್ರಗಳು ಕಡಿಮೆ; ಹೆಚ್ಚಿನವು ಕೆಳಗಿನಿಂದ, ಪಕ್ಕದಿಂದ, ಹೊಲದ ಬದುವಿನ ಮೇಲೆ ನಿಂತವನು ತಲೆಯೆತ್ತಿದರೆ ಕಾಣುವ ಎತ್ತರದಿಂದ. ನನಗೆ ಇಡೀ ಮಾಲೆಯ ಜೀವ ಇರುವುದು ಇಲ್ಲಿಯೇ. ಹೆದ್ದಾರಿಯನ್ನು ಕಟ್ಟಿಸಿದವರಿಗೂ ಅದರಲ್ಲಿ ಓಡಾಡುವವರಿಗೂ ಕಾಣುವ ನೋಟ ಬೇರೆ. ಷಿಂಕ್ ನಿಂತದ್ದು ತನ್ನ ಹೊಲದ ನೆತ್ತಿಯ ಮೇಲೆ ಒಂದು ದಿನ ಸೇತುವೆ ಬಂದು ನಿಂತದ್ದನ್ನು ನೋಡಿದವನ ಜಾಗದಲ್ಲಿ. ಆ ಸೇತುವೆ ಅವನಿಗೆ ಬೇಕಾಗಿಯೂ ಇತ್ತು, ಅವನ ಬಯಲನ್ನು ನುಂಗಿಯೂ ಬಿಟ್ಟಿತು. ಎರಡನ್ನೂ ಒಂದೇ ಚೌಕಟ್ಟಿನಲ್ಲಿ, ಗದರದೆ ಹೊಗಳದೆ ತೋರಿಸುವುದಕ್ಕೆ ದೊಡ್ಡ ತಾಳ್ಮೆ ಬೇಕು. ಇವು ಭಾವವಿಲ್ಲದ ತಣ್ಣನೆಯ ಚಿತ್ರಗಳು ಎನ್ನುವವರನ್ನು ನಾನು ಕಂಡಿದ್ದೇನೆ, ಆ ಮಾತನ್ನು ಒಪ್ಪಿಲ್ಲ. ಮಮತೆಯಿಲ್ಲದವರು ಎಂಟು ವರ್ಷ ಕೆಸರಿನಲ್ಲಿ ಕ್ಯಾಮೆರಾ ಹೊತ್ತು ತಿರುಗುವುದಿಲ್ಲ.

1990ರ ಜುಲೈ 1ರಂದು, ಪೂರ್ವದವರ ಕೈಗೆ ಪಶ್ಚಿಮದ ಹಣ ಬಂದ ದಿನ, ಚಾನ್ಸೆಲರ್ ಹೆಲ್ಮುಟ್ ಕೋಲ್ ದೂರದರ್ಶನದಲ್ಲಿ ಮಾತನಾಡಿ, ಈ ಪ್ರಾಂತ್ಯಗಳು ಬೇಗನೆ ಹೂಬಿಟ್ಟ ನಾಡುಗಳಾಗುತ್ತವೆ ಎಂದು ಭರವಸೆ ಕೊಟ್ಟಿದ್ದರು. ರಸ್ತೆಗಳು ಬಂದವು, ಊರುಗಳಿಗೆ ಸುಣ್ಣಬಣ್ಣ ಬಂತು, ಉಸಿರು ಕಟ್ಟಿಸುತ್ತಿದ್ದ ಗಾಳಿ ತಿಳಿಯಾಯಿತು. ಕಾರ್ಖಾನೆಗಳು ಮಾತ್ರ ಒಂದರ ಹಿಂದೆ ಒಂದು ಬಾಗಿಲು ಹಾಕಿದವು. ನನ್ನ ನೆರೆಮನೆಯ ಅಜ್ಜಿ ವೊಲ್ಫೆನ್‌ನ ಫಿಲ್ಮ್ ಕಾರ್ಖಾನೆಯಲ್ಲಿದ್ದವರು. 1936ರಲ್ಲಿ ಅಗ್ಫಾ ಕಂಪನಿಯ ಹೊಸ ಬಣ್ಣದ ಫಿಲ್ಮ್ ಹೊರಬಂದದ್ದು ಅಲ್ಲಿಂದಲೇ. ಮುಂದೆ ಪೂರ್ವ ಜರ್ಮನಿಯ ಕಾಲದಲ್ಲಿ ಅದರ ಹೆಸರು ಓರ್ವೊ ಎಂದಾಯಿತು. 1989ರಲ್ಲಿ ಅಲ್ಲಿ ಸುಮಾರು 15,000 ಜನ ದುಡಿಯುತ್ತಿದ್ದರು, ಹೆಚ್ಚಿನವರು ಹೆಂಗಸರು. ಫಿಲ್ಮಿಗೆ ಬೆಳಕು ತಾಕಬಾರದಲ್ಲವೇ, ಪಾಳಿ ಪೂರ್ತಿ ಕತ್ತಲೆಯಲ್ಲೇ ಕೆಲಸ. ಗೋಡೆ ಮುಟ್ಟದೆ, ಯಾರಿಗೂ ತಾಗದೆ ನಡೆಯುವುದನ್ನು ಪಾದಗಳೇ ಕಲಿತಿದ್ದವು ಎನ್ನುತ್ತಾರೆ ಅಜ್ಜಿ. ಕಾರ್ಖಾನೆ ನಿಂತ ಮೇಲೆ ಅವರ ಯಜಮಾನರು ಸೋಮವಾರ ನಸುಕಿಗೆ ಪಶ್ಚಿಮಕ್ಕೆ ದುಡಿಯಲು ಹೊರಟು ಶುಕ್ರವಾರ ರಾತ್ರಿ ಮರಳುತ್ತಿದ್ದರು. ಮಕ್ಕಳು ಅದೇ ದಾರಿಯಲ್ಲಿ ಹೋಗಿ ಅಲ್ಲಿಯೇ ನೆಲೆ ನಿಂತರು. ಷಿಂಕ್ ಅವರ ಪುಸ್ತಕ ಕೈಗೆ ಕೊಟ್ಟಾಗ ಅಜ್ಜಿ ಮೊದಲು ಓದಿದ್ದು ಜಾಗದ ಹೆಸರುಗಳನ್ನು. ಇದು ನನಗೆ ಗೊತ್ತು, ಇದೂ ಗೊತ್ತು ಎಂದು ಬೆರಳಿಟ್ಟು ತೋರಿಸುತ್ತ ಹೋದರು.

1991ರಿಂದ 2017ರವರೆಗೆ ಬಂದವರನ್ನು ಕಳೆದು, ಹೋದವರನ್ನು ಲೆಕ್ಕ ಹಾಕಿದರೆ ಪೂರ್ವದ ರಾಜ್ಯಗಳಿಂದ ಪಶ್ಚಿಮಕ್ಕೆ ಹೋದವರು ಸುಮಾರು 12 ಲಕ್ಷ. ನೀನು ಬಾಡಿಗೆಗೆ ಹಿಡಿದಿರುವ ಹಾಲೆ-ನಾಯ್‌ಷ್ಟಾಟ್‌ನ ಫ್ಲಾಟಿಗೂ ಈ ಲೆಕ್ಕಕ್ಕೂ ನೇರ ಸಂಬಂಧವಿದೆ. 1964ರಿಂದ ಆ ಬಡಾವಣೆಯನ್ನು ಕಟ್ಟಿದ್ದು ಲೊಯ್ನಾ ಮತ್ತು ಬೂನಾ ರಾಸಾಯನಿಕ ಕಾರ್ಖಾನೆಗಳ ಕೆಲಸಗಾರರಿಗಾಗಿ. ಒಂದು ಕಾಲಕ್ಕೆ 90,000ಕ್ಕೂ ಹೆಚ್ಚು ಜನ ಇದ್ದರು, ಈಗ ಅದರ ಅರ್ಧದಷ್ಟು. ನಿನ್ನ ಕಟ್ಟಡದ ಪಕ್ಕದಲ್ಲಿ ಕಾರಣವಿಲ್ಲದೆ ಅಷ್ಟು ಅಗಲದ ಹುಲ್ಲುಗಾವಲು ಏಕಿದೆ ಎಂದು ಕೇಳಿದ್ದೆಯಲ್ಲ, ಅಂಥ ಎಷ್ಟೋ ಜಾಗಗಳಲ್ಲಿ ಮೊದಲು ಮನೆಗಳಿದ್ದವು. ಬಾಡಿಗೆಗೆ ಜನ ಸಿಗದೆ ಕೆಡವಿದರು.

ನೀನು ಬಾಗಲಕೋಟೆಯವನು. ಮುಳುಗಡೆ ಎಂದರೆ ಏನೆಂದು ನಿನಗೆ ನಾನು ಹೇಳಿಕೊಡಬೇಕಾಗಿಲ್ಲ. ಆಲಮಟ್ಟಿಯ ಹಿನ್ನೀರು ನೋಡಲು ಬಂದವನಿಗೆ ಅದು ಸುಂದರವಾದ ನೀರು. ನಿಮ್ಮ ಮನೆಯ ಹಿರಿಯರಿಗೆ ಅದರೊಳಗೆ ಓಣಿ, ಕಟ್ಟೆ, ಅಂಗಡಿ ಸಾಲು ಎಲ್ಲವೂ ಇದೆ. ಹಾಗಿರುವಾಗ ಈ ನಾಡು ನಿನಗೆ ಖಾಲಿ ಕಾಣಬೇಕಾದ್ದಿಲ್ಲ. ಹಾಲೆಯಿಂದ ಮೆರ್ಜೆಬುರ್ಗ್‌ಗೆ ಹೋಗಿ, ಅಲ್ಲಿಂದ ಸಣ್ಣ ರೈಲು ಹಿಡಿದು ಬ್ರೌನ್ಸ್‌ಬೆಡ್ರಾದಲ್ಲಿ ಇಳಿ. ಗೈಸೆಲ್‌ಟಾಲ್ ಕೆರೆ ಸಿಗುತ್ತದೆ. ಸುಮಾರು 18 ಚದರ ಕಿಲೋಮೀಟರ್ ನೀರು, ದಡದ ಇಳಿಜಾರಿನಲ್ಲಿ ದ್ರಾಕ್ಷಿ ತೋಟ, ದೋಣಿಗಳು. ಅದು ಕಂದು ಕಲ್ಲಿದ್ದಲಿನ ಗಣಿಯಾಗಿತ್ತು. ನೀರು ತುಂಬಿ ಮುಗಿದದ್ದು 2011ರಲ್ಲಿ. ಗಣಿಗಾಗಿ ಅಲ್ಲಿ ಹಳ್ಳಿಯ ಮೇಲೆ ಹಳ್ಳಿ ಎಬ್ಬಿಸಿದ್ದರು. ಲೈಪ್‌ಸಿಗ್‌ನ ದಕ್ಷಿಣಕ್ಕೆ ಹೊಯರ್ಸ್‌ಡೋರ್ಫ್ ಎಂಬ ಹಳ್ಳಿಯನ್ನು ಕಲ್ಲಿದ್ದಲಿಗಾಗಿ ತೆಗೆಯುವಾಗ, 2007ರಲ್ಲಿ, ಅದರ ಹಳೆಯ ಕಲ್ಲಿನ ಚರ್ಚನ್ನು ಇಡಿಯಾಗಿ ಎತ್ತಿ ಬಂಡಿಯ ಮೇಲಿಟ್ಟು ಸುಮಾರು 12 ಕಿಲೋಮೀಟರ್ ದೂರದ ಬೋರ್ನಾಕ್ಕೆ ಸಾಗಿಸಿದರು. ಚರ್ಚು ಈಗಲೂ ಇದೆ, ಬಾಗಿಲು ತೆರೆದಿದ್ದರೆ ಒಳಗೆ ಹೋಗಿ ಕುಳಿತು ಬಾ. ಊರು ಇಲ್ಲ.

ಷಿಂಕ್ ಅವರ ಬೇರೆ ಕೆಲಸವನ್ನೂ ನೋಡು. ‘ಒಂದು ಗಂಟೆ’ ಎಂಬ ಮಾಲೆಗಾಗಿ ಜಗತ್ತಿನ ಹಲವೆಡೆ ಸೂರ್ಯನ ಎದುರಿಗೇ ಕ್ಯಾಮೆರಾ ಇಟ್ಟು ಒಂದು ಗಂಟೆ ಕಾಲ ಫಿಲ್ಮಿಗೆ ಬೆಳಕು ಬಿಟ್ಟರು. ಬೆಳಕು ಮಿತಿ ಮೀರಿದಾಗ ಚಿತ್ರದಲ್ಲಿ ಬಿಳಿಯಾಗಬೇಕಾದ್ದು ಕಪ್ಪಾಗುತ್ತದೆ. ಸೂರ್ಯ ನಡೆದ ದಾರಿ ಆಕಾಶದಲ್ಲಿ ಕಪ್ಪು ಕೋಲಿನಂತೆ ಮೂಡುತ್ತದೆ. ಸಮಭಾಜಕದ ಹತ್ತಿರ ಅದು ನೆಟ್ಟಗೆ ನಿಲ್ಲುತ್ತದೆ, ಧ್ರುವದ ಕಡೆಗೆ ಹೋದಂತೆ ಮಲಗುತ್ತದೆ. 2011ರ ಸುನಾಮಿಯ ಮರುವರ್ಷ ಜಪಾನಿನ ತೊಹೊಕು ಕರಾವಳಿಯಲ್ಲಿ ತೆಗೆದವೂ ಇವೆ. ಆದರೆ ನನಗೆ ಬಹಳ ಹತ್ತಿರವಾದದ್ದು ‘ಹಿಂಟರ್‌ಲಾಂಡ್’. 2012ರಿಂದ 2019ರವರೆಗೆ ಮೆಕ್ಲೆನ್‌ಬುರ್ಗ್, ಬ್ರಾಂಡೆನ್‌ಬುರ್ಗ್, ಸ್ಯಾಕ್ಸನಿ, ಸ್ಯಾಕ್ಸನಿ-ಅನ್‌ಹಾಲ್ಟ್ ರಾಜ್ಯಗಳ ಒಳನಾಡಿನಲ್ಲಿ ತೆಗೆದವು: ಮಂಜು, ತೆಳು ಹಿಮ, ಎಲೆ ಉದುರಿದ ಮರಗಳ ಸಾಲು, ಉತ್ತ ಹೊಲ. ಹಿಂದಿನ ಮಾಲೆಯ ಕಾಂಕ್ರೀಟ್ ಅಬ್ಬರ ಇಲ್ಲಿಲ್ಲ. ಇಲ್ಲಿ ನೋಡಲು ಏನಿದೆ ಎಂದು ಹೊರಗಿನವರು ದಾಟಿಹೋಗುವ ಜಾಗಗಳನ್ನು, ಈ ಕಡೆಯೇ ಹುಟ್ಟಿ ಬೆಳೆದ ಷಿಂಕ್ ನಡುವಯಸ್ಸಿನಲ್ಲಿ ನಿಂತು ನೋಡಿದ್ದಾರೆ. ನವೆಂಬರ್ ತಿಂಗಳಲ್ಲಿ ನಾಲ್ಕೂವರೆಗೇ ಕತ್ತಲಾಗಿ ಮನಸ್ಸು ಕುಗ್ಗಿದಾಗ ಈ ಪುಸ್ತಕ ನನ್ನನ್ನು ಮನೆಯಿಂದ ಹೊರಗೆ ಎಬ್ಬಿಸಿ ಕಳಿಸಿದೆ. ಆ ಬೂದು ಬಣ್ಣದಲ್ಲಿ ಎಷ್ಟು ಬಗೆ ಇವೆ ಎಂದು ತಿಳಿದ ಮೇಲೆ ಇಲ್ಲಿನ ಚಳಿಗಾಲ ನನಗೆ ಶಿಕ್ಷೆಯಾಗಿ ಉಳಿದಿಲ್ಲ.

ನಿನ್ನ ಸಹೋದ್ಯೋಗಿ ಆ ಪುಸ್ತಕ ತೋರಿಸಿದ್ದು ಏಕೆ ಎಂಬುದಕ್ಕೆ ಇನ್ನು ಉತ್ತರ ನೀನೇ ಪಡೆಯಬಹುದು. ಈ ಕಡೆಯವರು ತಾವಾಗಿ ತಮ್ಮ ಕತೆ ಹೇಳುವುದು ಕಡಿಮೆ. ಪೂರ್ವ ಜರ್ಮನಿ ಎಂದೊಡನೆ ಕನಿಕರವನ್ನೋ ಬುದ್ಧಿವಾದವನ್ನೋ ಕೇಳಿ ಅವರಿಗೆ ಸಾಕಾಗಿದೆ. ಗೋಡೆ ಇದ್ದ ಕಾಲ ಕೆಟ್ಟದ್ದಾಗಿತ್ತೇ ಎಂದು ಕೇಳಬೇಡ. 1989–90ರ ಬದಲಾವಣೆಗೆ ಇಲ್ಲಿಯವರು ‘ವೆಂಡೆ’ ಎನ್ನುತ್ತಾರೆ; ವೆಂಡೆಗೆ ಮುಂಚೆ ನಿಮ್ಮ ತಂದೆ ತಾಯಿ ಎಲ್ಲಿ ಕೆಲಸ ಮಾಡುತ್ತಿದ್ದರು ಎಂದು ಕೇಳು, ಆ ಪುಸ್ತಕದ ಯಾವ ಜಾಗ ನಿಮಗೆ ಗೊತ್ತು ಎಂದು ಕೇಳು. ಜರ್ಮನ್ ತಪ್ಪಾದರೂ ಚಿಂತೆಯಿಲ್ಲ. ಊಟಕ್ಕೆ ಮನೆಗೆ ಕರೆದಿದ್ದಾರೆ ಎಂದರೆ ಇಲ್ಲಿ ಅದು ಸಣ್ಣ ಮಾತಲ್ಲ, ಆ ಬಾಗಿಲನ್ನು ಬಿಟ್ಟುಕೊಡಬೇಡ. ಬಾಗಲಕೋಟೆಯ ಕತೆಯನ್ನು ನೀನೂ ಹೇಳು, ಅವರು ಕೇಳುತ್ತಾರೆ.

ಇನ್ನು ಭಾನುವಾರ. ಸಂತೆ ಸಾಮಾನನ್ನು ಶನಿವಾರವೇ ತಂದಿಟ್ಟುಕೋ. ಡಾಯ್ಚ್‌ಲಾಂಡ್ ಟಿಕೆಟ್ ಮಾಡಿಸಿಕೊಂಡಿಲ್ಲವಾದರೆ ಮಾಡಿಸು. 2023ರಲ್ಲಿ 49 ಯೂರೋ ಇದ್ದದ್ದು ಏರಿದೆ, ಆದರೂ ತಿಂಗಳು ಪೂರ್ತಿ ಸ್ಥಳೀಯ ರೈಲು, ಬಸ್, ಟ್ರಾಮ್ ಎಲ್ಲಕ್ಕೂ ನಡೆಯುತ್ತದೆ. ವೊಲ್ಫೆನ್‌ನಲ್ಲಿ ಫಿಲ್ಮ್ ಕಾರ್ಖಾನೆಯ ಒಂದು ಭಾಗವನ್ನು ಯಂತ್ರಗಳ ಸಮೇತ ವಸ್ತುಸಂಗ್ರಹಾಲಯವಾಗಿ ಉಳಿಸಿದ್ದಾರೆ, ತಪ್ಪದೆ ಹೋಗು. ಎರ್ಫುರ್ಟ್ ಕಡೆಗೆ ವೇಗದ ರೈಲಿನಲ್ಲಿ ಹೋಗುವ ಸಂದರ್ಭ ಬಂದರೆ (ಅದಕ್ಕೆ ಬೇರೆ ಟಿಕೆಟ್ ಬೇಕು) ಹಾಲೆ ದಾಟಿದೊಡನೆ ಮೊಬೈಲ್ ಕೆಳಗಿಡು. ಝಾಲೆ ಮತ್ತು ಎಲ್ಸ್ಟರ್ ನದಿಗಳ ಬಯಲಿನ ಮೇಲೆ ಆರು ಕಿಲೋಮೀಟರಿಗೂ ಉದ್ದದ ಸೇತುವೆಯ ಮೇಲೆ ಹೋಗುತ್ತಿರುತ್ತೀಯ. ಆ 17 ಯೋಜನೆಗಳಲ್ಲಿ ಎಂಟನೆಯದರ ಭಾಗ ಅದು, ರೈಲು ಓಡತೊಡಗಿದ್ದು 2015ರ ಡಿಸೆಂಬರ್‌ನಲ್ಲಿ.

ಮ್ಯೂನಿಕ್ ವಿಷಯ. ಅಲ್ಲಿ ಯುಗಾದಿ, ರಾಜ್ಯೋತ್ಸವಕ್ಕೆ ಜನ ಸೇರುತ್ತಾರೆ, ಮನಸ್ಸಿಗೆ ಹಿತವಾಗುತ್ತದೆ, ಅದನ್ನು ಕಡಿಮೆ ಎನ್ನಲಾರೆ. ಬಾಡಿಗೆ ಮಾತ್ರ ನಿನ್ನ ಸಂಬಳವನ್ನು ನುಂಗಿಬಿಡುತ್ತದೆ. ಈ ಚಳಿಗಾಲವನ್ನು ಹಾಲೆಯಲ್ಲೇ ಕಳೆ, ಏಪ್ರಿಲ್‌ನಲ್ಲಿ ತೀರ್ಮಾನ ಮಾಡು. ಅಷ್ಟರೊಳಗೆ ಒಮ್ಮೆ ಲೈಪ್‌ಸಿಗ್‌ಗೆ ಬಾ. ಇಲ್ಲಿನ ರಾಷ್ಟ್ರೀಯ ಗ್ರಂಥಾಲಯದಲ್ಲಿ 1913ರಿಂದ ಜರ್ಮನಿಯಲ್ಲಿ ಅಚ್ಚಾದ ಪುಸ್ತಕಗಳನ್ನೆಲ್ಲ ಕೂಡಿಡುತ್ತ ಬಂದಿದ್ದಾರೆ, ಷಿಂಕ್ ಅವರವೂ ಅಲ್ಲಿ ಸಿಗುತ್ತವೆ. ಮನೆಗೆ ಕೊಡುವುದಿಲ್ಲ, ವಾಚನಾಲಯದಲ್ಲೇ ಕುಳಿತು ನೋಡಬೇಕು. ಪಾಸ್‌ಪೋರ್ಟ್ ಜೊತೆಗೆ ಆನ್‌ಮೆಲ್ಡುಂಗ್ ಪತ್ರವನ್ನೂ (ಮನೆ ವಿಳಾಸ ನೋಂದಾಯಿಸಿದ್ದಕ್ಕೆ ಕೊಡುವ ಪತ್ರ) ತಾ, ಇಲ್ಲದಿದ್ದರೆ ನೋಂದಣಿ ಆಗುವುದಿಲ್ಲ. ಪುಸ್ತಕಗಳನ್ನು ನಾನು ಮೊದಲೇ ತರಿಸಿ ಇಟ್ಟಿರುತ್ತೇನೆ. ಯಾವ ಶನಿವಾರ ಬರುತ್ತೀಯ ಎಂದು ಒಂದು ವಾರ ಮುಂಚೆ ಬರೆ.