ಮಗಳು ಬಾಲಯೇಸುವಿಗೆ ಹಾಸಿಗೆ ಹಾಸುತ್ತಾಳೆ. ದೇವರ ಜೊತೆ ಆಟ ತಪ್ಪಾ?

ನಿಮ್ಮ ಪ್ರಶ್ನೆ ಓದಿ ಎರಡು ದಿನ ಅದೇ ತಲೆಯಲ್ಲಿ ಸುತ್ತುತ್ತಿತ್ತು. ಆರು ವರ್ಷದ ಮಗಳು ರಾತ್ರಿ ಪ್ರಾರ್ಥನೆ ಹೊತ್ತಿಗೆ ಕರವಸ್ತ್ರ ಹಾಸುತ್ತಾಳೆ. ಗೋದಲಿಯ, ಅಂದರೆ ಕ್ರಿಸ್ಮಸ್‌ಗೆ ಮನೆಯಲ್ಲಿ ಕಟ್ಟುವ ಕೊಟ್ಟಿಗೆಯ ಮಾದರಿಯ, ಬಾಲಯೇಸುವಿನ ಗೊಂಬೆಯನ್ನು ತಂದು ಅದರ ಮೇಲೆ ಮಲಗಿಸುತ್ತಾಳೆ. "ಇವತ್ತು ಯೇಸುಗೆ ಜ್ವರ, ಯಾರೂ ಜೋರಾಗಿ ಜಪ ಹೇಳಬೇಡಿ" ಅನ್ನುತ್ತಾಳೆ. ಅಜ್ಜಿಗೆ ಇದು ಸರಿಬರುವುದಿಲ್ಲ, "ದೇವರ ಹತ್ತಿರ ಆಟ ಬೇಡ" ಅಂತ ಗದರುತ್ತಾರೆ. ನಿಮಗೂ ಒಳಗೊಳಗೇ ಅಳುಕು. ಪ್ರಾರ್ಥನೆಯಲ್ಲಿ ಹೀಗೆ ಕಲ್ಪಿಸಿಕೊಳ್ಳುವುದು, ಆಡುವುದು ತಪ್ಪಾ, ಕ್ರೈಸ್ತ ಧರ್ಮದಲ್ಲಿ ಇದಕ್ಕೆ ಜಾಗ ಇದೆಯಾ ಅಂತ ಕೇಳಿದ್ದೀರಿ.

ಇದೆ. ನೀವು ಅಂದುಕೊಂಡಿದ್ದಕ್ಕಿಂತ ಜಾಸ್ತಿಯೇ ಇದೆ. ನಾನು ದೈವಶಾಸ್ತ್ರ ಕಲಿಸುವವಳಲ್ಲ. ಮಂಗಳೂರು ಕಡೆಯ ಕಥೋಲಿಕ ಮನೆಯಲ್ಲಿ ಬೆಳೆದವಳು. ಸುಮಾರು ಹನ್ನೆರಡು ವರ್ಷದಿಂದ 16ನೇ ಶತಮಾನದ ಸಂತ ಇಗ್ನೇಷಿಯಸ್ ಹೇಳಿಕೊಟ್ಟ ರೀತಿಯಲ್ಲಿ ಪ್ರಾರ್ಥನೆ ಮಾಡುತ್ತಾ ಬಂದಿದ್ದೇನೆ. ಓದಿದ್ದು, ಕಂಡದ್ದು ಎರಡನ್ನೂ ಸೇರಿಸಿ ಹೇಳುತ್ತೇನೆ.

ಮೊದಲು ಆ ಗೋದಲಿಯನ್ನೇ ನೋಡಿ. 1223ರ ಕ್ರಿಸ್ಮಸ್. ಇಟಲಿಯಲ್ಲಿ ಗ್ರೆಚ್ಚೊ ಅಂತ ಒಂದು ಊರು. ಅಸ್ಸಿಸಿಯ ಸಂತ ಫ್ರಾನ್ಸಿಸ್ ಅಲ್ಲಿನ ಜೊವಾನ್ನಿ ಎಂಬ ಗೆಳೆಯನನ್ನು ಕರೆದು, ಹುಲ್ಲು ತುಂಬಿದ ಗೋದಲಿ ಬೇಕು, ಒಂದು ಎತ್ತು, ಒಂದು ಕತ್ತೆ ಬೇಕು ಅಂದರು. ಬೆತ್ಲೆಹೇಮಿನ ಮಗು ಪಟ್ಟ ಕಷ್ಟವನ್ನು ಕಣ್ಣಾರೆ ನೋಡಬೇಕು ಅನ್ನುವುದು ಅವರ ಆಸೆ. ಆ ರಾತ್ರಿ ಊರಿನ ಜನ ಪಂಜು ಹಿಡಿದು ಬಂದರು. ಫ್ರಾನ್ಸಿಸ್ ಶುಭಸಂದೇಶವನ್ನು, ಅಂದರೆ ಬೈಬಲಿನ ಯೇಸುವಿನ ಕತೆಯ ಭಾಗವನ್ನು, ಹಾಡಿದರು. ಅವರ ಜೀವನವನ್ನು ಮೊದಲು ಬರೆದ ಚೆಲಾನೋದ ಥಾಮಸ್ ಒಂದು ಮಾತು ಹೇಳುತ್ತಾರೆ: "ಬೆತ್ಲೆಹೇಮ್" ಅನ್ನುವ ಹೆಸರನ್ನು ಫ್ರಾನ್ಸಿಸ್ ಕುರಿಮರಿ ಅರಚಿದ ಹಾಗೆ ಉಚ್ಚರಿಸಿದರಂತೆ. ಯೋಚಿಸಿ, ನಡುರಾತ್ರಿ ಪೂಜೆಯಲ್ಲಿ, ಪೂಜಾವಸ್ತ್ರ ತೊಟ್ಟು, ಸಂತರೊಬ್ಬರು ಕುರಿಮರಿ ದನಿ ಮಾಡುತ್ತಿದ್ದಾರೆ! ನಿಮ್ಮ ಮನೆಯ ಅಜ್ಜಿ ಪ್ರತಿ ಡಿಸೆಂಬರ್‌ನಲ್ಲಿ ಅಟ್ಟದಿಂದ ಇಳಿಸುವ ಗೋದಲಿಯ ಹಿಂದೆ ಆ ರಾತ್ರಿ ಇದೆ.

ನಮ್ಮ ಮನೆಯಲ್ಲಿ ಗೋದಲಿಗೆ ಎರಡು ವಾರ ಮೊದಲೇ ಗೆರಟೆಯಲ್ಲಿ ಮಣ್ಣು ತುಂಬಿ ರಾಗಿ ಹಾಕುತ್ತಿದ್ದೆವು. ಹಬ್ಬದ ಹೊತ್ತಿಗೆ ಬೆರಳುದ್ದ ಹಸಿರು ಎದ್ದಿರುತ್ತಿತ್ತು. ಅದೇ ಬೆತ್ಲೆಹೇಮಿನ ಗದ್ದೆ. ಮಗುವನ್ನು ನೋಡಲು ಬರುವ ಮೂವರು ರಾಜರ ಗೊಂಬೆಗಳನ್ನು ಮಾತ್ರ ಅಮ್ಮ ಅಲ್ಲಿ ಇಡಲು ಬಿಡುತ್ತಿರಲಿಲ್ಲ. "ಅವರು ದೂರದಿಂದ ಬರಬೇಕಲ್ಲ" ಅನ್ನುತ್ತಿದ್ದರು. ಕಿಟಕಿಯ ಮೇಲಿಂದ ಶುರು ಮಾಡಿ ದಿನಕ್ಕೊಂದು ಗೇಣು ಅವರನ್ನು ಮುಂದೆ ಸರಿಸುವುದು ನನ್ನ ಕೆಲಸ. ರಾಜರ ಹಬ್ಬವಾದ ಜನವರಿ 6ಕ್ಕೆ ಅವರು ಗೋದಲಿ ಮುಟ್ಟಬೇಕು. ಒಂಟೆ ಟಿವಿ ಮೇಲೆ ಎರಡು ದಿನ ತಂಗುತ್ತಿತ್ತು. ದೇವರನ್ನು ಹುಡುಕಿಕೊಂಡು ಹೋಗುವುದಕ್ಕೆ ಸಮಯ ಹಿಡಿಯುತ್ತದೆ ಅಂತ ನಾನು ಕಲಿತದ್ದು ಅಲ್ಲಿ. ಧರ್ಮೋಪದೇಶದ ತರಗತಿಯಲ್ಲಿ ಅಲ್ಲ.

ಅಂದ ಹಾಗೆ, ಲೂಕನ ಶುಭಸಂದೇಶದ ಜನನದ ಕತೆಯಲ್ಲಿ ಎತ್ತೂ ಇಲ್ಲ, ಕತ್ತೆಯೂ ಇಲ್ಲ. ಎತ್ತು ತನ್ನ ಒಡೆಯನನ್ನು ಬಲ್ಲದು, ಕತ್ತೆ ಯಜಮಾನನ ಗೋದಲಿಯನ್ನು ಬಲ್ಲದು ಅಂತ ಬೈಬಲಿನ ಹಳೆ ಒಡಂಬಡಿಕೆಯ ಪ್ರವಾದಿ ಯೆಶಾಯನ ಮೊದಲ ಅಧ್ಯಾಯದಲ್ಲಿ ಒಂದು ವಚನ ಇದೆ. ಹಳೆಯ ಕಾಲದ ಭಕ್ತರು ಆ ಎರಡು ಪ್ರಾಣಿಗಳನ್ನು ಅಲ್ಲಿಂದ ಮೆಲ್ಲಗೆ ನಡೆಸಿಕೊಂಡು ಬಂದು ಮಗುವಿನ ಪಕ್ಕ ನಿಲ್ಲಿಸಿದರು. ಯಾರಿಗೂ ಅದು ಸುಳ್ಳು ಅನ್ನಿಸಲಿಲ್ಲ.

ಈಗ ಇಗ್ನೇಷಿಯಸ್ ವಿಷಯ. ನನ್ನ ಮಟ್ಟಿಗೆ ನಿಮ್ಮ ಪ್ರಶ್ನೆಗೆ ನಿಜವಾದ ಉತ್ತರ ಇಲ್ಲೇ ಇದೆ.

ಅವರು ಸ್ಪೇನಿನ ಬಾಸ್ಕ್ ನಾಡಿನವರು, ಖಡ್ಗ ಹಿಡಿದವರು. 1521ರ ಮೇ 20ರಂದು ಪಾಂಪ್ಲೋನಾ ಕೋಟೆಯಲ್ಲಿ ಫಿರಂಗಿ ಗುಂಡು ಬಡಿದು ಕಾಲು ಮುರಿಯಿತು. ಲೊಯೋಲಾದ ಮನೆಯಲ್ಲಿ ತಿಂಗಳುಗಟ್ಟಲೆ ಹಾಸಿಗೆ ಹಿಡಿದರು. ಹೊತ್ತು ಕಳೆಯಲು ವೀರರ ಸಾಹಸದ ಕತೆಪುಸ್ತಕ ಬೇಕು ಅಂದರು. ಮನೆಯಲ್ಲಿ ಅಂಥದ್ದು ಇರಲಿಲ್ಲ. ಕ್ರಿಸ್ತನ ಜೀವನ, ಸಂತರ ಕತೆಗಳು, ಈ ಎರಡೇ ಸಿಕ್ಕಿದ್ದು. ಓದುವುದು, ಕನಸು ಕಾಣುವುದು, ಇಷ್ಟೇ ಕೆಲಸ. ಒಮ್ಮೆ ಒಬ್ಬ ದೊಡ್ಡ ಮನೆತನದ ಹೆಣ್ಣಿನ ಸೇವೆಯಲ್ಲಿ ತಾನು ಏನೇನು ಸಾಹಸ ಮಾಡಬಹುದು ಅಂತ ಗಂಟೆಗಟ್ಟಲೆ ಕಲ್ಪಿಸಿಕೊಳ್ಳುವರು. ಇನ್ನೊಮ್ಮೆ ಫ್ರಾನ್ಸಿಸ್ ಮಾಡಿದ್ದನ್ನು, ಸಂತ ಡೊಮಿನಿಕ್ ಮಾಡಿದ್ದನ್ನು ತಾನೂ ಮಾಡಿದರೆ ಹೇಗೆ ಅಂತ ಕಲ್ಪಿಸಿಕೊಳ್ಳುವರು. ಎರಡೂ ಆ ಹೊತ್ತಿಗೆ ಸಿಹಿಯೇ. ಆದರೆ ಮೊದಲನೆಯದು ಮುಗಿದ ಮೇಲೆ ಮನಸ್ಸು ಒಣಗುತ್ತಿತ್ತು. ಎರಡನೆಯದು ಮುಗಿದ ಮೇಲೂ ಸಂತೋಷ ಉಳಿಯುತ್ತಿತ್ತು. ಒಂದು ದಿನ ಈ ವ್ಯತ್ಯಾಸ ಅವರಿಗೆ ಹೊಳೆಯಿತು. ದೇವರು ಯಾವ ಕಡೆ ಕರೆಯುತ್ತಿದ್ದಾನೆ ಅಂತ ಗುರುತಿಸುವ ಅವರ ಇಡೀ ವಿದ್ಯೆ ಹುಟ್ಟಿದ್ದು ಆ ಹಗಲುಗನಸಿನಿಂದ.

ಆಮೇಲೆ ಅವರು ಧ್ಯಾನಕ್ಕೆ ಒಂದು ಕೈಪಿಡಿ ಬರೆದರು. 1548ರಲ್ಲಿ ಪೋಪ್ ಮೂರನೇ ಪೌಲ್ ಅದಕ್ಕೆ ಒಪ್ಪಿಗೆ ಕೊಟ್ಟರು. ಅದರಲ್ಲಿ ಕ್ರಿಸ್ತಜನನದ ಧ್ಯಾನ ಬರುವ ಜಾಗ ನೋಡಬೇಕು. ನಜರೇತಿನಿಂದ ಬೆತ್ಲೆಹೇಮಿಗೆ ಹೋಗುವ ದಾರಿಯನ್ನು ಮನಸ್ಸಿನಲ್ಲಿ ನೋಡು ಅನ್ನುತ್ತಾರೆ. ಎಷ್ಟು ಉದ್ದ, ಎಷ್ಟು ಅಗಲ, ಸಮತಟ್ಟಾ, ಗುಡ್ಡ ಹತ್ತಿ ಇಳಿಯಬೇಕಾ? ಗುಹೆ ದೊಡ್ಡದಾ ಸಣ್ಣದಾ, ಸೂರು ತಗ್ಗಾ ಎತ್ತರವಾ? ಮರಿಯಮ್ಮ, ಜೋಸೆಫ, ಮಗು, ಇವರ ಜೊತೆ ಒಬ್ಬ ಕೆಲಸದ ಹೆಂಗಸನ್ನೂ ಅವರು ಸೇರಿಸುತ್ತಾರೆ. ಆ ಹೆಂಗಸು ಬೈಬಲಿನಲ್ಲಿ ಎಲ್ಲೂ ಇಲ್ಲ! ಆಮೇಲೆ ಹೇಳುತ್ತಾರೆ: ನೀನೂ ಒಬ್ಬ ಬಡ ಸೇವಕನಾಗಿ ಅಲ್ಲಿ ಹೋಗಿ ನಿಲ್ಲು, ಅವರನ್ನು ನೋಡು, ಅವರಿಗೆ ಬೇಕಾದ್ದನ್ನು ಮಾಡಿಕೊಡು, ನಿಜವಾಗಿಯೂ ಅಲ್ಲೇ ಇದ್ದ ಹಾಗೆ.

ಕರವಸ್ತ್ರ ಹಾಸುವ ನಿಮ್ಮ ಮಗಳು ಮಾಡುತ್ತಿರುವುದೂ ಇದನ್ನೇ ಅಲ್ವಾ?

"ಇದೆಲ್ಲ ನಮಗೆ ಬೇಕಾದ ಹಾಗೆ ನಾವೇ ಕಟ್ಟಿಕೊಳ್ಳುವುದಲ್ವಾ?" ಅಂತ ನಾನೂ ಕೇಳಿದ್ದೆ. ಅಮ್ಮ ಸೊಂಟದ ಮೂಳೆ ಮುರಿದು ಮಲಗಿದ್ದ ವರ್ಷ ಅದು. ಎಂಟು ದಿನದ ಮೌನ ಧ್ಯಾನಕೂಟಕ್ಕೆ ಹೋಗಿದ್ದೆ. ಸಿಸ್ಟರ್ ಒಬ್ಬರು ನನಗೆ ಈ ಗುಹೆಯ ಧ್ಯಾನವನ್ನೇ ಕೊಟ್ಟರು. ಕಣ್ಣು ಮುಚ್ಚಿ ಗುಹೆಯೊಳಗೆ ಹೋದೆ. ಒಂದು ಪೊರಕೆ ಸಿಕ್ಕಿತು, ಗುಡಿಸಿದೆ. ನೀರು ತಂದೆ. ಎತ್ತಿಗೆ ಹುಲ್ಲು ಹಾಕಿದೆ. ಮರುದಿನ ಮತ್ತೆ ಹೋದೆ, ಮತ್ತೆ ಗುಡಿಸಿದೆ. ಮೂರು ದಿನವೂ ಇದೇ. ಪ್ರಾರ್ಥನೆ ಚೆನ್ನಾಗಿ ಆಗುತ್ತಿದೆ ಅಂತಲೇ ನಂಬಿದ್ದೆ. ಸಿಸ್ಟರಿಗೆ ಎಲ್ಲ ವಿವರಿಸಿದೆ. ಅವರು ಕೇಳಿಸಿಕೊಂಡು ಇಷ್ಟೇ ಕೇಳಿದರು: "ಮಗುವಿನ ಮುಖ ಹೇಗಿತ್ತು?"

ನಾನು ನೋಡಿರಲಿಲ್ಲ. ಮೂರು ದಿನ ಅದೇ ಗುಹೆಯಲ್ಲಿದ್ದು ಒಮ್ಮೆಯೂ ಗೋದಲಿಯ ಹತ್ತಿರ ಕೂತಿರಲಿಲ್ಲ. ಹೇಳುವಾಗಲೇ ಗಂಟಲು ಕಟ್ಟಿತು. ಯಾಕೆಂದರೆ ಮನೆಯಲ್ಲೂ ಹಾಗೆಯೇ ನಡೆದಿತ್ತು. ಮಾತ್ರೆ, ಗಂಜಿ, ಬೆಡ್‌ಪ್ಯಾನ್, ಫಿಸಿಯೋ, ಎಲ್ಲ ಹೊತ್ತು ಹೊತ್ತಿಗೆ ಮಾಡುತ್ತಿದ್ದೆ. ಆ ನಾಲ್ಕು ತಿಂಗಳಲ್ಲಿ ಅಮ್ಮನ ಪಕ್ಕ ಸುಮ್ನೆ ಕೂತಿದ್ದು ಒಂದು ದಿನವೂ ಇಲ್ಲ. ಇದನ್ನು ನಾನೇ ಬೇಕೆಂದು ಕಲ್ಪಿಸಿಕೊಂಡಿದ್ದರೆ ಮಗುವನ್ನು ಎತ್ತಿ ಮುದ್ದಾಡುವ ಚಂದದ ಚಿತ್ರ ಮಾಡಿಕೊಳ್ಳುತ್ತಿದ್ದೆ. ಪೊರಕೆ ಎಲ್ಲಿಂದ ಬಂತು?

ಮನೆಗೆ ಬಂದ ಮೇಲೆ ಹಳೆಯ ಚೆನ್ನೆಮಣೆ ಹುಡುಕಿ ತೆಗೆದೆ. ಹದಿನಾಲ್ಕು ಗುಳಿ, ಗುಳಿಗೆ ನಾಲ್ಕು ಕೆಂಪು ಮಂಜೊಟ್ಟಿ. ಹಾಸಿಗೆಯ ಮೇಲೆ ದಿಂಬಿಟ್ಟು ಅದರ ಮೇಲೆ ಮಣೆ ಇಟ್ಟೆವು. ಅಮ್ಮ ಪ್ರತಿ ಆಟದಲ್ಲೂ ಗೆದ್ದರು. ಆ ಮಧ್ಯಾಹ್ನಗಳನ್ನು ನಾನು ಪ್ರಾರ್ಥನೆಯ ಲೆಕ್ಕಕ್ಕೇ ಸೇರಿಸಿದ್ದೇನೆ.

ಅಜ್ಜಿಯ ಮಾತನ್ನೂ ತಳ್ಳಿಹಾಕಬೇಡಿ. ಅವರ ಹಿಂದೆಯೂ ದೊಡ್ಡ ಪರಂಪರೆ ಇದೆ. 4ನೇ ಶತಮಾನದ ಸನ್ಯಾಸಿ ಎವಾಗ್ರಿಯಸ್ ಈಜಿಪ್ಟಿನ ಮರುಭೂಮಿಯಲ್ಲಿ ಕೂತು, ಪ್ರಾರ್ಥಿಸುವಾಗ ದೇವರಿಗೆ ಯಾವ ಆಕಾರವನ್ನೂ ಕೊಡಬೇಡ ಅಂತ ಬರೆದರು. ಪೂರ್ವದ ಆರ್ಥೊಡಾಕ್ಸ್ ಕ್ರೈಸ್ತ ಸಭೆಗಳು ಇಂದಿಗೂ ಈ ಎಚ್ಚರಿಕೆ ಇಟ್ಟುಕೊಂಡಿವೆ. ಮನುಷ್ಯನ ಮನಸ್ಸು ವಿಗ್ರಹ ಮಾಡುವ ಕಾರ್ಖಾನೆ ಅನ್ನುವ ಅರ್ಥದ ಮಾತು ಪ್ರೊಟೆಸ್ಟೆಂಟ್ ಸುಧಾರಕ ಕ್ಯಾಲ್ವಿನ್ ಅವರದು. 16ನೇ ಶತಮಾನದ ಸ್ಪೇನಿನ ಕಾರ್ಮೆಲ್ ಮಠದ ಸಂತ, ಶಿಲುಬೆಯ ಯೊವಾನ್ನರಂತೂ ಮನಸ್ಸಿನ ಚಿತ್ರಗಳು ಮೆಟ್ಟಿಲಿದ್ದ ಹಾಗೆ, ಮೆಟ್ಟಿಲ ಮೇಲೇ ಕೂತರೆ ಮನೆ ಸೇರುವುದಿಲ್ಲ ಅನ್ನುವ ಅರ್ಥದಲ್ಲಿ ಬರೆದಿದ್ದಾರೆ. ನನಗೆ ಇದು ಪೂರ್ತಿ ಒಪ್ಪಿಗೆ. ನಾವು ಕಟ್ಟಿಕೊಂಡ ಯೇಸು ಯಾವಾಗಲೂ ನಮ್ಮ ಪರವೇ ಮಾತಾಡುತ್ತಿದ್ದರೆ ಅಲ್ಲಿ ಏನೋ ಎಡವಟ್ಟಾಗಿದೆ. ಆದರೆ ಅದೇ ಶಿಲುಬೆಯ ಯೊವಾನ್ನರ ಬಗ್ಗೆ ಕಾರ್ಮೆಲ್ ಮಠಗಳಲ್ಲಿ ಹೇಳಿಕೊಂಡು ಬಂದ ಒಂದು ಪ್ರಸಂಗ ಇದೆ. ಒಂದು ಕ್ರಿಸ್ಮಸ್ ದಿನ ಅವರು ಬಾಲಯೇಸುವಿನ ಪ್ರತಿಮೆಯನ್ನು ಎತ್ತಿಕೊಂಡು ಹಾಡುತ್ತಾ ಕುಣಿದರಂತೆ. ಇದನ್ನು ಅಜ್ಜಿಗೆ ಹೇಳಿ. ಖುಷಿಪಡುತ್ತಾರೆ.

ಬೈಬಲಿನಲ್ಲಿ ಆಟ ಇದೆಯಾ ಅಂದರೆ, ಒಂದು ಹೀಬ್ರೂ ಪದದ ಬೆನ್ನು ಹತ್ತಿದರೆ ಸಾಕು. ಸಾಹಕ್. ನಗು, ಆಟ ಎರಡೂ ಅದರಲ್ಲಿ ಇವೆ. ಜ್ಞಾನೋಕ್ತಿಗಳು 8ರಲ್ಲಿ ದೇವರು ಲೋಕವನ್ನು ಸೃಷ್ಟಿ ಮಾಡುವಾಗ ಜ್ಞಾನವು ಆತನ ಮುಂದೆ ಆಡುತ್ತಿತ್ತು ಅನ್ನುವ ಕಡೆ ಈ ಪದ ಇದೆ. ಕೀರ್ತನೆ 104ರಲ್ಲಿ ಸಮುದ್ರದಲ್ಲಿ ಆಡಲೆಂದು ದೇವರು ದೊಡ್ಡ ಜಲಚರ ಲೆವಿಯಾತಾನನನ್ನು ಮಾಡಿದ ಅನ್ನುವ ಕಡೆಯೂ ಇದೆ. ಜೆಕರ್ಯ 8ರಲ್ಲಿ ಯೆರೂಸಲೇಮ್ ಮತ್ತೆ ನೆಲೆಗೊಂಡಾಗ ಹೇಗಿರುತ್ತದೆ? ಅದರ ಬೀದಿಗಳಲ್ಲಿ ಹುಡುಗ ಹುಡುಗಿಯರು ಆಡುತ್ತಿರುತ್ತಾರೆ. ಅಲ್ಲೂ ಅದೇ ಪದ. ದೇವರ ಒಡಂಬಡಿಕೆಯ ಪೆಟ್ಟಿಗೆಯಾದ ಮಂಜೂಷದ ಮುಂದೆ ಕುಣಿದ ರಾಜ ದಾವೀದ ತನ್ನ ಹೆಂಡತಿ ಮೀಕಲಳಿಗೆ "ನಾನು ಕರ್ತನ ಮುಂದೆ ಆಡಿದೆ" ಅನ್ನುವಾಗಲೂ ಅದೇ. ನಮ್ಮ ನೆಲದ ಲೀಲೆಯೂ ಇದೂ ಒಂದೇ ಅಂತ ನಾನು ಹೇಳುವುದಿಲ್ಲ, ಅದರ ಹಿನ್ನೆಲೆ ಬೇರೆ. ಆದರೆ ಆ ಮಾತು ಕೇಳಿ ಬೆಳೆದ ಕಿವಿಗೆ ಜ್ಞಾನೋಕ್ತಿಯ ಆ ಸಾಲು ಬೇಗ ಒಳಗಿಳಿಯುತ್ತದೆ.

ಇನ್ನೊಂದು ಕತೆ, 5ನೇ ಶತಮಾನದಲ್ಲಿ ಜಾನ್ ಕ್ಯಾಸಿಯನ್ ಎಂಬ ಸನ್ಯಾಸಿ ಬರೆದಿಟ್ಟದ್ದು. ಯೇಸುವಿನ ಶಿಷ್ಯರಾದ ಪ್ರೇಷಿತ ಯೊವಾನ್ನರು (ಶಿಲುಬೆಯ ಯೊವಾನ್ನರಲ್ಲ) ಒಂದು ಕೌಜುಗದ ಹಕ್ಕಿಯನ್ನು ನೇವರಿಸುತ್ತಾ ಕೂತಿದ್ದರಂತೆ. ಬೇಟೆಗಾರನೊಬ್ಬ ನೋಡಿ, ಇಷ್ಟು ದೊಡ್ಡವರು ಹೀಗೆ ಕಾಲ ಕಳೆಯುವುದಾ ಅಂತ ಬೆರಗಾದ. ಯೊವಾನ್ನರು "ನಿನ್ನ ಬಿಲ್ಲನ್ನು ಯಾವಾಗಲೂ ಯಾಕೆ ಬಿಗಿದೇ ಇಟ್ಟುಕೊಳ್ಳುವುದಿಲ್ಲ?" ಅಂತ ಕೇಳಿದರು. ಹಾಗೆ ಮಾಡಿದರೆ ಬಿಲ್ಲಿನ ಬಿಗಿ ಹೋಗುತ್ತದೆ ಅಂದ ಅವನು. ಮನಸ್ಸೂ ಹಾಗೇ ಅಂದರು ಇವರು. 13ನೇ ಶತಮಾನದ ದೈವಶಾಸ್ತ್ರಜ್ಞ ಥಾಮಸ್ ಅಕ್ವೈನಾಸ್ ಇಂಥದ್ದೇ ಕತೆಯನ್ನು ಮುಂದಿಟ್ಟುಕೊಂಡು, ತಾನೂ ಆಡದೆ ಬೇರೆಯವರ ಆಟಕ್ಕೂ ಅಡ್ಡ ಬರುವುದು ಒಂದು ದೋಷ ಅಂತಲೇ ಬರೆದರು. ಆಟಕ್ಕೆ ಮಿತಿ ಬೇಕು, ಕೆಟ್ಟ ಮಾತು ಬೇಡ, ಹೊತ್ತು ಗೊತ್ತು ಇರಲಿ ಅಂತಲೂ ಸೇರಿಸಿದರು.

ಹಾಗಾಗಿ ನಾನು ನಿಮ್ಮ ಜಾಗದಲ್ಲಿದ್ದರೆ ಆ ಕರವಸ್ತ್ರವನ್ನು ಮಡಿಸಿಡಲು ಹೇಳುವುದಿಲ್ಲ. ಆಟ ಮುಗಿದ ಮೇಲೆ ಮಗು ಹೇಗಿದ್ದಾಳೆ ಅಂತ ಮಾತ್ರ ನೋಡುತ್ತೇನೆ. ಸಮಾಧಾನವಾಗಿ ಮಲಗುತ್ತಾಳಾ? ಮರುದಿನ ನಿಜವಾಗಿ ಯಾರಿಗಾದರೂ ಹುಷಾರಿಲ್ಲದಿದ್ದರೆ ಅವರ ಹತ್ತಿರ ಹೋಗುತ್ತಾಳಾ? ಇಗ್ನೇಷಿಯಸ್ ತಮ್ಮ ಹಾಸಿಗೆಯಲ್ಲಿ ನೋಡಿಕೊಂಡಿದ್ದೂ ಇದನ್ನೇ. ಅಜ್ಜಿಯನ್ನೂ ಆಟಕ್ಕೆ ಸೇರಿಸಿ. ಜ್ವರ ಬಂದ ಮಗುವಿಗೆ ಏನು ಮಾಡಬೇಕು ಅಂತ ಮನೆಯಲ್ಲಿ ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಒದ್ದೆ ಬಟ್ಟೆ ಹಣೆಗೆ ಹಾಕುವುದು ಹೇಗೆ ಅಂತ ಅವರೇ ತೋರಿಸಲಿ. ಜಪವನ್ನು ಒಂದು ವಾರ ಮೆಲ್ಲಗೆ ಹೇಳಿ.

ನಾಳೆ ಬೆಳಿಗ್ಗೆ ಅವಳು ಎದ್ದ ಕೂಡಲೇ ಕೇಳಿ, "ಯೇಸುಗೆ ಜ್ವರ ಬಿಡ್ತಾ?" ಅಂತ. ಏನಂದಳು ಅಂತ ಇಲ್ಲಿ ಬರೆಯಿರಿ, ಕಾಯುತ್ತಿರುತ್ತೇನೆ.