‘ಸ್ಪೇಸ್ ಘೋಸ್ಟ್ ಕೋಸ್ಟ್ ಟು ಕೋಸ್ಟ್’: ಪ್ರಶ್ನೆಗೆ ಉತ್ತರ ತಾಳೆಯಾಗದಿರುವ ಬಗ್ಗೆ
‘ಸ್ಪೇಸ್ ಘೋಸ್ಟ್ ಕೋಸ್ಟ್ ಟು ಕೋಸ್ಟ್’ ಎಂಬ ಹಾಸ್ಯ ಸಂದರ್ಶನ ಕಾರ್ಯಕ್ರಮದಲ್ಲಿ ಅತಿಥಿಗಳ ಉತ್ತರ ಪ್ರಶ್ನೆಗೆ ಹೊಂದುತ್ತಿಲ್ಲವೆಂದು ನೀವು ಬರೆದಿರುವುದಕ್ಕೆ ಕಾರಣ ಬಹುಶಃ ನಿಮ್ಮ ವಿಡಿಯೊದ ದೋಷವಲ್ಲ, ಕಾರ್ಯಕ್ರಮದ ರಚನೆಯೇ. 1994ರಲ್ಲಿ ಕಾರ್ಟೂನ್ ನೆಟ್‌ವರ್ಕ್‌ನಲ್ಲಿ ಆರಂಭವಾದ ಇದರ ನಿರೂಪಕ 1966ರ ಹಾನಾ-ಬಾರ್ಬೆರಾ ಸಂಸ್ಥೆಯ ಸರಣಿಯ ಕಾರ್ಟೂನ್ ನಾಯಕ ಸ್ಪೇಸ್ ಘೋಸ್ಟ್. ಅತಿಥಿಗಳು ನಿಜವಾದ ವ್ಯಕ್ತಿಗಳು. ಅವರ ಸಂದರ್ಶನವನ್ನು ಪ್ರತ್ಯೇಕವಾಗಿ ಚಿತ್ರೀಕರಿಸಿ, ಸಂಕಲನದ ಹಂತದಲ್ಲಿ ಆ ಉತ್ತರಗಳಿಗೆ ಬೇರೆಯೇ ಪ್ರಶ್ನೆಗಳನ್ನು ಜೋಡಿಸುತ್ತಿದ್ದುದರಿಂದ ಮಾತು ಹಳಿ ತಪ್ಪಿದಂತೆ ಕೇಳಿಸುತ್ತದೆ. ಆ ಹೊಂದಿಕೆಯಿಲ್ಲದ ಉತ್ತರ, ಅದರ ಬೆನ್ನಿಗೇ ಬರುವ ದೀರ್ಘ ಮೌನ, ಇವೇ ಈ ಹಾಸ್ಯದ ಜೀವಾಳ ಎಂಬುದು ನನ್ನ ದೃಢವಾದ ಅಭಿಪ್ರಾಯ.

ಆದರೂ ನಿಮ್ಮ ವಿವರಣೆಯೊಂದರಿಂದಲೇ ಧ್ವನಿದೋಷವನ್ನು ಪೂರ್ತಿ ತಳ್ಳಿಹಾಕಲಾಗದು. ಮೊದಲು ಪರದೆಯೊಳಗಿನ ಪರದೆಯಲ್ಲಿ ಕಾಣುವ ಅತಿಥಿಯ ತುಟಿಯನ್ನು ಗಮನಿಸಿ. ನಿರೂಪಕನ ತುಟಿಯನ್ನು ನೆಚ್ಚಬೇಡಿ, ಏಕೆಂದರೆ ಅಲ್ಲಿ ಹಳೆಯ ಚಿತ್ರಗಳನ್ನೇ ಮರುಬಳಸಲಾಗಿದೆ. ಅತಿಥಿಯ ತುಟಿಯೂ ಧ್ವನಿಯೂ ಒಟ್ಟಿಗೆ ಸಾಗುತ್ತಿದ್ದರೆ ವಿಡಿಯೊ ಸರಿಯಾಗಿದೆ, ಏನನ್ನೂ ಬದಲಿಸದೆ ನೋಡಿ. ಹಾಗಿಲ್ಲದಿದ್ದರೆ, ವಿಂಡೋಸ್ ಕಂಪ್ಯೂಟರಿನ ವಿಎಲ್‌ಸಿ ಪ್ಲೇಯರ್‌ನಲ್ಲಿ ‘ಜೆ’ ಕೀಲಿಯಿಂದ ಧ್ವನಿಯನ್ನು ಮುಂಚಿತಗೊಳಿಸಿ, ‘ಕೆ’ ಕೀಲಿಯಿಂದ ತಡಗೊಳಿಸಿ ಹೊಂದಿಸಿಕೊಳ್ಳಿ. ಕಂತು ಮುಂದುವರಿದಂತೆ ವ್ಯತ್ಯಾಸ ಹೆಚ್ಚುತ್ತಲೇ ಹೋದರೆ ಮಾತ್ರ ಬೇರೆ ಪ್ರತಿಯನ್ನು ಹುಡುಕಬೇಕಾಗುತ್ತದೆ.