ಮಗನ ಶಾಲೆ ಬಿಡಿಸಿ ಬೆಂಗಳೂರಿಗೆ ಕಳಿಸಿದರೆ ಗ್ರ್ಯಾಂಡ್‌ಮಾಸ್ಟರ್ ಆಗ್ತಾನಾ?

ಹಾಸನದಲ್ಲಿದ್ದೀರಿ, ಮಗನಿಗೆ 13, ಚೆಸ್ ರೇಟಿಂಗ್ 1720, ‘ಬಿಲೋ 1800’ (1800ಕ್ಕಿಂತ ಕಡಿಮೆ ರೇಟಿಂಗ್ ಇರೋರಿಗೆ ಮಾತ್ರ) ಟೂರ್ನಿಗಳ ಪ್ರೈಜ್ ಹಣದಲ್ಲೇ ಓಡಾಟದ ಖರ್ಚು ಕಳೀತಿದೆ ಅಂತ ಬರೆದಿದ್ದೀರಿ. ಶಾಲೆ, ಬೆಂಗಳೂರು ಎಲ್ಲ ಆಮೇಲೆ ನೋಡೋಣ ಸರ್. ಆ ಪ್ರೈಜ್ ಹಣದ ಸಾಲು ಓದಿ ನನಗೆ ಎದೆ ಧಸಕ್ ಅಂತು.

ನಾನೂ ಹಾಸನದವನೇ. ಅಪ್ಪ ಕಾಫಿ ಕ್ಯೂರಿಂಗ್ ವರ್ಕ್ಸ್ ಒಂದರಲ್ಲಿ ಗುಮಾಸ್ತರಾಗಿದ್ದರು. ಆಗ ನಮ್ಮೂರಲ್ಲಿ ರೇಟೆಡ್ ಟೂರ್ನಿ ಅಂದ್ರೆ ಹಾಸನಾಂಬೆ ಬಾಗಿಲು ತೆಗೆದ ಹಾಗೆ, ವರ್ಷಕ್ಕೊಂದು ಆದರೆ ಪುಣ್ಯ. ಶುಕ್ರವಾರ ರಾತ್ರಿ ಬುತ್ತಿ ಕಟ್ಟಿಕೊಂಡು ಮಂಗಳೂರಿಗೋ ಮೈಸೂರಿಗೋ ಬಸ್ ಹತ್ತಬೇಕು. ಎಂಟ್ರಿ ಫೀಸು, ಲಾಡ್ಜು, ಊಟ. ಅಪ್ಪ ಒಂದು ಉದ್ದ ನೋಟ್‌ಬುಕ್ಕಿನಲ್ಲಿ ಎಲ್ಲ ಬರೆದಿಡುತ್ತಿದ್ದರು. ಎಡಗಡೆ ಖರ್ಚು, ಬಲಗಡೆ ನಾನು ಗೆದ್ದ ಹಣ. ಬಲಗಡೆ ತುಂಬಬೇಕು ಅನ್ನೋದು ಬಾಯಿಬಿಟ್ಟು ಹೇಳದ ಒಪ್ಪಂದ.

2016. ನನಗೆ 15. ಆಗ ದೊಡ್ಡ ದುಡ್ಡು ಇದ್ದದ್ದು ‘ಬಿಲೋ 1600’ನಲ್ಲಿ. (2024ರ ಮಾರ್ಚ್‌ನಲ್ಲಿ ವಿಶ್ವ ಚೆಸ್ ಸಂಸ್ಥೆ ಫಿಡೆ 2000ದ ಕೆಳಗಿನ ರೇಟಿಂಗ್‌ಗಳನ್ನೆಲ್ಲ ಮೇಲೆತ್ತಿತಲ್ಲ, ನಮ್ಮ ಕಾಲದ 1600 ಹೆಚ್ಚುಕಮ್ಮಿ ನಿಮ್ಮ ಮಗನ 1760.) ಮಂಗಳೂರಿನಲ್ಲಿ ಒಂದು ಟೂರ್ನಿ, ಕೊನೇ ರೌಂಡು. ಲೆಕ್ಕ ಹಾಕಿದರೆ ನಾನು 1594ರಲ್ಲಿದ್ದೆ. ಫೋನ್ ಒಳಗೆ ಬಿಡಲ್ಲ, ಅಪ್ಪನ ಕೈಗೆ ಕೊಡೋಕೆ ಹೋದಾಗ ಅವರು ಕೇಳಿದ್ದು ಒಂದೇ ಮಾತು: “ಲಿಸ್ಟ್‌ನಲ್ಲಿ 1600 ದಾಟಲ್ಲ ತಾನೇ?” ಮುಂದಿನ ತಿಂಗಳು ಇನ್ನೊಂದು ಬಿಲೋ 1600 ಇತ್ತು, ಮೊದಲ ಬಹುಮಾನ ಅಪ್ಪನ ಆರು ತಿಂಗಳ ಸಂಬಳ. ಹೊಸ ಪಟ್ಟಿ ಬರೋದು ಒಂದನೇ ತಾರೀಖು. ದಾಟಿದರೆ ಅಲ್ಲಿ ಎಂಟ್ರಿ ಇಲ್ಲ.

ಎದುರಾಳಿ ರಿಟೈರ್ಡ್ ಮನುಷ್ಯರು, ಪಕ್ಕದಲ್ಲಿ ಫ್ಲಾಸ್ಕು, ರೇಟಿಂಗು ನನ್ನಷ್ಟೇ. ನಾಲ್ಕು ಗಂಟೆ ಆಡಿ ಕೊನೆಗೆ ಇಬ್ಬರಿಗೂ ಒಂದೊಂದು ರೂಕ್ (ಆನೆ), ನನಗೆ ಮಾತ್ರ ಒಂದು ಪಾನ್ (ಕಾಲಾಳು). ಪಾನ್ ಏಳನೇ ಸಾಲಿನಲ್ಲಿ, ಅದರ ಮುಂದಿನ ಮನೆಯಲ್ಲಿ ನನ್ನದೇ ರಾಜ, ಅವರ ರಾಜ ಹತ್ತಿರ ಬರದ ಹಾಗೆ ನನ್ನ ರೂಕ್ ಅಡ್ಡ. ಚೆಸ್ ಕಲಿತವರಿಗೆ ಇದು ಮಗ್ಗಿ ಇದ್ದ ಹಾಗೆ, ಪಾನ್ ಇದ್ದವರು ಗೆದ್ದೇ ಗೆಲ್ಲೋ ಲುಸೆನಾ ಪೊಸಿಷನ್. ನನಗೆ ಗೊತ್ತಿತ್ತು. ಅವರಿಗೂ ಗೊತ್ತಿತ್ತು, ಪೆನ್ನಿನ ಕ್ಯಾಪ್ ಹಾಕಿ ಕೈ ಚಾಚೋಕೆ ರೆಡಿಯಾಗಿ ಕೂತಿದ್ದರು.

ನಾನು ಡ್ರಾ ಕೇಳಿದೆ.

“ನೀನು ಗೆಲ್ತಾ ಇದ್ದೀಯಲ್ಲ ಮಾರಾಯ,” ಅಂದರು. ಪಕ್ಕದ ಬೋರ್ಡಿನ ಹುಡುಗ ತಲೆ ಎತ್ತಿದ. ನಾನು ಟೇಬಲ್ಲಿನ ಬಟ್ಟೆ ನೋಡುತ್ತಾ ಕೂತೆ. ಅವರು ನನ್ನ ಮುಖ ಒಂದು ಕ್ಷಣ ನೋಡಿ, ಅರ್ಥವಾಗಿ, ಏನೂ ಹೇಳದೆ ಸ್ಕೋರ್‌ಶೀಟಿಗೆ ಸಹಿ ಹಾಕಿದರು.

ಇಲ್ಲಿ ನಾನು ಕಳೆದುಕೊಂಡದ್ದು ಏನು ಅಂತ ಬಿಡಿಸಿ ಹೇಳಬೇಕು, ಯಾಕಂದ್ರೆ ಅವತ್ತು ನನಗೆ ಏನೂ ಕಳೆದುಕೊಂಡ ಹಾಗೆ ಅನಿಸಿರಲಿಲ್ಲ. 18 ತುಂಬುವ ವರ್ಷದ ಕೊನೆಯವರೆಗೆ, 2300ರ ಕೆಳಗಿರುವ ಮಕ್ಕಳಿಗೆ ಕೆ-ಫ್ಯಾಕ್ಟರ್, ಅಂದ್ರೆ ಒಂದು ಆಟಕ್ಕೆ ರೇಟಿಂಗ್ ಎಷ್ಟು ಏರಿಳಿಯುತ್ತೆ ಅನ್ನೋ ಅಳತೆ, 40. ಹಾಗಾಗಿ ಸಮಬಲದವರನ್ನು ಗೆದ್ದರೆ 20 ಪಾಯಿಂಟ್, ಡ್ರಾ ಆದರೆ ಸೊನ್ನೆ. ಗೆದ್ದಿದ್ದರೆ 1614. ವಯಸ್ಸು ದಾಟಿದ ಮೇಲೆ ಕೆ 20, ಅದೇ ಗೆಲುವಿಗೆ 10 ಸಿಗುತ್ತೆ, ಅಷ್ಟೇ. ಹುಡುಗರು ವರ್ಷಕ್ಕೆ ಮುನ್ನೂರು ಪಾಯಿಂಟ್ ಹಾರೋದು ಈ 40ರ ಗಾಳಿಯಲ್ಲೇ. ಆ ಗಾಳಿ ಬೀಸೋ ಹೊತ್ತಲ್ಲಿ ನಾನು ಗಾಳಿಪಟದ ದಾರ ಸುತ್ತಿ ಜೇಬಲ್ಲಿಟ್ಟುಕೊಂಡೆ. ಒಂದು ಸಲ ಅಲ್ಲ, ಎರಡು ವರ್ಷ! ಮುಂದಿನ ತಿಂಗಳ ಟೂರ್ನಿಯಲ್ಲಿ ಎರಡನೇ ಬಹುಮಾನ ಬಂತು, ನೋಡಿ ಅದೇ ಕೆಟ್ಟದ್ದು. ಸೋತಿದ್ದರೆ ಬುದ್ಧಿ ಬರ್ತಿತ್ತು. ನೋಟ್‌ಬುಕ್ಕಿನ ಬಲಗಡೆ ತುಂಬಿತು, ನಾನು 1590ರ ಸುತ್ತಮುತ್ತಲೇ ಗಿರಕಿ ಹೊಡೆದೆ.

ಪಾಯಿಂಟಾದರೂ ಹೋಗಲಿ ಸರ್, ಆಟವೇ ಕೆಟ್ಟಿತು. ಬಿಲೋ ಸೆಕ್ಷನ್‌ನಲ್ಲಿ ಗೆಲ್ಲೋಕೆ ಹತ್ತು ಓಪನಿಂಗ್ ಟ್ರ್ಯಾಪ್ ಸಾಕು, ಎದುರಿನವರು ಹದಿನೈದನೇ ನಡೆಗೆ ತಾವೇ ಕಾಯಿ ಕೊಟ್ಟುಬಿಡ್ತಾರೆ. 18ಕ್ಕೆ ಮೊದಲ ಸಲ ಓಪನ್ ಸೆಕ್ಷನ್ (ರೇಟಿಂಗ್ ಮಿತಿ ಇಲ್ಲದ್ದು) ಆಡಿದಾಗ ಸಾಲಾಗಿ ಐದು ಸೋತೆ. ಯಾರೂ ನನ್ನ ಬಲೆಗೆ ಬೀಳಲಿಲ್ಲ. ಸುಮ್ಮನೆ ಒಂದು ಪಾನ್ ಹಿಂಡಿ, ಕ್ವೀನ್ ಬದಲಾಯಿಸಿ, ಅರವತ್ತು ನಡೆ ಅರೆದು ಕಳಿಸಿದರು. ನನ್ನ ಓರಗೆಯವರು ಅಷ್ಟರಲ್ಲಿ 2100.

ಈಗ ಗ್ರ್ಯಾಂಡ್‌ಮಾಸ್ಟರ್ ವಿಷಯ. 2500 ರೇಟಿಂಗ್ ಮುಟ್ಟಬೇಕು, ಜೊತೆಗೆ ಮೂರು ನಾರ್ಮ್, ಅಂದ್ರೆ ಆ ಪಟ್ಟದ ಮಟ್ಟದಲ್ಲಿ ಆಡಿ ತೋರಿಸಿದ ಟೂರ್ನಿಗಳು. ಒಂದು ನಾರ್ಮ್‌ಗೆ ಸಾಮಾನ್ಯವಾಗಿ ಒಂಬತ್ತು ಆಟ, 2600ರ ಮಟ್ಟದ ಪ್ರದರ್ಶನ, ಎದುರಾಳಿಗಳಲ್ಲಿ ಮೂರರಲ್ಲೊಬ್ಬರಾದರೂ ಗ್ರ್ಯಾಂಡ್‌ಮಾಸ್ಟರ್ ಇರಬೇಕು. ಬಿಲೋ 1800 ಹಾಲ್‌ನಲ್ಲಿ ಗ್ರ್ಯಾಂಡ್‌ಮಾಸ್ಟರ್ ಕಾಣೋದು ಬಹುಮಾನ ಕೊಡೋಕೆ ಬಂದಾಗ ಮಾತ್ರ.

ಗುಕೇಶ್ ಉದಾಹರಣೆ ಕೊಟ್ಟಿದ್ದೀರಿ. 2019ರಲ್ಲಿ 12 ವರ್ಷ 7 ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್, 2024ರ ಡಿಸೆಂಬರ್‌ನಲ್ಲಿ ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು ಸೋಲಿಸಿ 18ಕ್ಕೆ ವಿಶ್ವ ಚಾಂಪಿಯನ್, ಎಲ್ಲ ಸರಿ. ಆದರೆ ನಿಮ್ಮ ಮಗ ಆಗಲೇ 13. ಬೇಜಾರು ಮಾಡಿಕೊಳ್ಳಬೇಡಿ, ಆ ರೈಲು ಹೋಗಿ ಆಯ್ತು. ಗುಕೇಶ್ ಅಪ್ಪ ಇಎನ್‌ಟಿ ಸರ್ಜನ್, ಮಗನ ಜೊತೆ ಊರೂರು ತಿರುಗೋಕೆ ಪ್ರಾಕ್ಟೀಸೇ ಬಿಟ್ಟವರು. ನೀವು ನೋಡಬೇಕಾದವರು ಬೇರೆ. ಆನಂದ್ 1988ರಲ್ಲಿ ದೇಶದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು, ಚೆನ್ನೈನ ಲೊಯೊಲಾ ಕಾಲೇಜಿನ ಬಿ.ಕಾಂ. ಪದವಿ ಕೂಡ ಇದೆ ಅವರಿಗೆ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ತೇಜಕುಮಾರ್, ರೈಲ್ವೆ ಕೆಲಸ ಮಾಡಿಕೊಂಡೇ 2017ರಲ್ಲಿ, ಮೂವತ್ತೈದು ದಾಟಿದ ಮೇಲೆ ಆದರು. ಮರುವರ್ಷ ಶಿವಮೊಗ್ಗದ ಸ್ಟ್ಯಾನಿ. ನಮ್ಮ ಕಡೆಯ ಊರುಗಳೇ ಇವು.

ಹಾಗಾಗಿ ಶಾಲೆ ಬಿಡಿಸಲಾ ಅನ್ನೋ ಪ್ರಶ್ನೆಯನ್ನೇ ನಾನು ಒಪ್ಪಲ್ಲ. ಶಾಲೆ ಅವನಿಗೆ ಅಡ್ಡ ಬರ್ತಿಲ್ಲ, ಪ್ರೈಜ್ ಅಡ್ಡ ಬರ್ತಿದೆ. ಬೆಂಗಳೂರಿಗೆ ಕಳಿಸಿ ಅಲ್ಲೂ ಬಿಲೋ 1800 ಆಡಿಸಿದರೆ ಲಾಡ್ಜ್ ಖರ್ಚು ಉಳಿಯುತ್ತೆ, ಅಷ್ಟೇ. ಅದರ ಬದಲು ವರ್ಷಕ್ಕೆ ನಾಲ್ಕೇ ಟೂರ್ನಿ ಆಡಿಸಿ, ನಾಲ್ಕೂ ಓಪನ್. ಸೋತು ಬರ್ತಾನೆ. ಬರಲಿ. ವಾಪಸ್ ಬರುವಾಗ ಬಸ್ಸಿನಲ್ಲಿ ಎಷ್ಟು ಪಾಯಿಂಟ್ ಹೋಯ್ತು ಅಂತ ಮಾತ್ರ ಕೇಳಬೇಡಿ. ನಮ್ಮಪ್ಪ ಶಿರಾಡಿ ಘಾಟ್ ಉದ್ದಕ್ಕೂ ಅದನ್ನೇ ಕೇಳುತ್ತಿದ್ದರು. ಒಳ್ಳೆಯವರು ಸರ್ ಅವರು, ನೋಟ್‌ಬುಕ್ಕಿನ ಎಡಗಡೆಗೆ ಹೆದರಿದ್ದರು.

ಕೋಚಿಂಗ್ ಆನ್‌ಲೈನ್ ಸಾಕಾ, ಯಾರ ಹತ್ತಿರ ಅಂತಲೂ ಕೇಳಿದ್ದೀರಿ. ಅದಕ್ಕೂ ಮೊದಲು ಇವತ್ತು ರಾತ್ರಿ ಬೋರ್ಡ್ ಹಾಕಿ ಮಗನಿಗೆ ಅದೇ ಲುಸೆನಾ ಜೋಡಿಸಿ ಕೊಡಿ: ಬಿಳಿ ರಾಜ ಜಿ8, ಪಾನ್ ಜಿ7, ರೂಕ್ ಎಫ್1. ಕಪ್ಪು ರಾಜ ಇ7, ರೂಕ್ ಎಚ್2. ಬಿಳಿ ಆಡಬೇಕು. ಕಪ್ಪು ಕಾಯಿ ನೀವು ಹಿಡಿದುಕೊಳ್ಳಿ. ಗೆಲ್ಲೋ ತನಕ ಏಳೋಕೆ ಬಿಡಬೇಡಿ, ಡ್ರಾ ಕೇಳಿದರೆ ಕೊಡಬೇಡಿ.